ಮೆಂಬರ್ ಮನೆ ಬಾಗಿಲಿಗೆ ಹೋಗುವ ಮುನ್ನ

ಈ ಸಲದ ಪತ್ರಗಳಲ್ಲಿ ಕೆಲವು ವಾರ್ಡಿನ ಮೆಂಬರನ್ನು ಬೈದಿವೆ, ಒಂದೆರಡು ಹೊಗಳಿವೆ, ಇನ್ನೆರಡು ತಾವೇ ಮೆಂಬರ್ ಆಗುವ ಆಸೆ ತೋಡಿಕೊಂಡಿವೆ. ಎಲ್ಲದರ ತಳದಲ್ಲಿರುವ ಪ್ರಶ್ನೆ ಮಾತ್ರ ಒಂದೇ: ಈ ಕಾರ್ಪೊರೇಟರ್ ಕೈಯಲ್ಲಿ ನಿಜವಾಗಿ ಏನಿದೆ, ಏನಿಲ್ಲ? ಕಲಬುರಗಿ, ಕಮಲಾಪುರದ ಓದುಗರ ಏಳು ಪತ್ರಗಳನ್ನು ಆರಿಸಿಕೊಂಡಿದ್ದೇನೆ. ಹೆಸರು ಬೇಡವೆಂದು ಹಲವರು ಕೇಳಿದ್ದರಿಂದ ಎಲ್ಲರ ಹೆಸರನ್ನೂ ಬಿಟ್ಟಿದ್ದೇನೆ.

ನಳದ ನೀರಿಗೂ ಬಾರದ ಮೆಂಬರ್ ಯಾಕೆ?

*ನಮ್ಮ ಗಲ್ಲ್ಯಾಗ ಐದು ದಿನಕ್ಕೊಮ್ಮಿ ನಳಾ ಬರ್ತದ್ರಿ. ಬ್ಯಾಸಿಗ್ಯಾಗ ಅದೂ ಗ್ಯಾರಂಟಿ ಇಲ್ಲ. ಕಾರ್ಪೊರೇಟರ್ ಮನಿಗಿ ಹೋದ್ರ ‘ನೀರು ನನ್ನ ಕೈಯಾಗ ಇಲ್ಲವ್ವಾ, ಗುತ್ತಿಗಿ ತಗೊಂಡವರನ್ನ ಕೇಳ್ರಿ’ ಅಂತಾರ. ಅವರನ್ನ ಕೇಳಿದ್ರ ‘ಪಾಲಿಕೆಗಿ ಹೇಳ್ರಿ’ ಅಂತಾರ. ಇಂಥ ಮೆಂಬರ್ ಯಾಕ ಬೇಕ್ರಿ?*
— ಗೃಹಿಣಿ, ಶಹಾಬಜಾರ್, ಕಲಬುರಗಿ

ಅಕ್ಕಾ, ನಿಮ್ಮ ಮೆಂಬರ್ ಹೇಳಿದ್ದು ಅರ್ಧ ನಿಜ. ಉಳಿದರ್ಧವನ್ನು ಅವರು ಹೇಳಲಿಲ್ಲ.

ಕಲಬುರಗಿಗೆ ನೀರು ಬರುವುದು ಭೀಮಾ ನದಿಯಿಂದ ಮತ್ತು ಬೆಣ್ಣೆತೊರೆಯಿಂದ. ಹೊಳೆಯಿಂದ ಎತ್ತಿ, ಶುದ್ಧ ಮಾಡಿ, ಟ್ಯಾಂಕಿಗೆ ಏರಿಸಿ, ವಾಲ್ವ್ ತಿರುಗಿಸಿ ನಿಮ್ಮ ಗಲ್ಲಿಗೆ ಬಿಡುವ ತನಕ ಹಲವು ಕೈ ದಾಟಬೇಕು. ವಿಶ್ವಬ್ಯಾಂಕಿನ ಸಾಲದ ನೆರವಿನಿಂದ ಹುಬ್ಬಳ್ಳಿ-ಧಾರವಾಡ, ಬೆಳಗಾವಿ ಮತ್ತು ಕಲಬುರಗಿಯ ಆಯ್ದ ಕೆಲವು ವಾರ್ಡುಗಳಲ್ಲಿ ಹಗಲು ರಾತ್ರಿ ನೀರು ಕೊಡುವ ಪ್ರಯೋಗ ನಡೆದದ್ದು ನಿಮಗೂ ಗೊತ್ತಿರಬಹುದು. ಆ ವಾರ್ಡುಗಳ ಹೆಂಗಸರು ಕೊಡ ಎತ್ತಿಟ್ಟು ಎಷ್ಟೋ ವರ್ಷವಾಯಿತು. ಅದನ್ನೇ ಇಡೀ ನಗರಕ್ಕೆ ಹಬ್ಬಿಸುವ ಕೆಲಸವನ್ನು ಗುತ್ತಿಗೆಗೆ ಕೊಡಲಾಗಿದೆ. ಹಾಗಾಗಿ ವಾಲ್ವ್ ತಿರುಗಿಸುವವನು ಕಾರ್ಪೊರೇಟರ್ ಹೇಳಿದ ತಕ್ಷಣ ಓಡಿ ಬರುವ ಆಳಲ್ಲ. ಇದಿಷ್ಟು ನಿಜ.

ಆದರೆ ನಗರಕ್ಕೆ ನೀರು ಕೊಡುವ ಹೊಣೆ ಪಾಲಿಕೆಯದು. ಆ ಹೊಣೆಯ ಲೆಕ್ಕ ಕೇಳುವ ಜಾಗ ಪಾಲಿಕೆಯ ಸಾಮಾನ್ಯ ಸಭೆ. ಅಲ್ಲಿ ಎದ್ದು ನಿಂತು ‘ನನ್ನ ವಾರ್ಡಿಗೆ ಕಳೆದ ತಿಂಗಳು ಎಷ್ಟು ದಿನ ನೀರು ಬಿಟ್ಟಿದ್ದೀರಿ, ದಾಖಲೆ ಕೊಡಿ’ ಎಂದು ಕೇಳುವ ಹಕ್ಕು ನಿಮಗಿಲ್ಲ, ನನಗೂ ಇಲ್ಲ. ನಿಮ್ಮ ಮೆಂಬರ್‌ಗಿದೆ. ಅವರು ಕೇಳಿದ್ದೂ ಅಧಿಕಾರಿ ಕೊಟ್ಟ ಉತ್ತರವೂ ನಡಾವಳಿ ಪುಸ್ತಕದಲ್ಲಿ ದಾಖಲಾಗುತ್ತವೆ. ಮುಂದಿನ ಸಭೆಯಲ್ಲಿ ಅದೇ ಹಾಳೆ ಹಿಡಿದು ಮತ್ತೆ ಕೇಳಬಹುದು.

ಇನ್ನು ಮುಂದೆ ಬರಿಗೈಯಲ್ಲಿ ಹೋಗಬೇಡಿ. ನಳ ಬಂದ ದಿನ, ಹೊತ್ತು ಬರೆದ ಕ್ಯಾಲೆಂಡರ್ ಹಾಳೆ ಒಯ್ಯಿರಿ. ಗಲ್ಲಿಯ ಹತ್ತು ಮನೆಯವರ ಸಹಿ ಹಾಕಿಸಿ. ಅರ್ಜಿಯ ಒಂದು ಪ್ರತಿ ಮೆಂಬರ್‌ಗೆ, ಇನ್ನೊಂದು ಆಯುಕ್ತರ ಕಚೇರಿಯ ಟಪಾಲು ವಿಭಾಗಕ್ಕೆ ಕೊಟ್ಟು, ನಿಮ್ಮ ಪ್ರತಿಯ ಮೇಲೆ ಮೊಹರು ಹಾಕಿಸಿಕೊಳ್ಳಿ. ‘ನೀರು ಬಿಡಿಸ್ರಿ’ ಎನ್ನುವುದರ ಬದಲು ‘ಇದನ್ನ ಸಭ್ಯಾಗ ಕೇಳ್ರಿ’ ಅನ್ನಿ. ಆಗ ‘ನನ್ನ ಕೈಯಾಗ ಇಲ್ಲ’ ಎನ್ನುವ ಮಾತಿಗೆ ಜಾಗ ಉಳಿಯುವುದಿಲ್ಲ.

ವೋಟು ಹಾಕಿದ್ದು 2021ರಲ್ಲಿ, ಮೇಯರ್ ಬಂದದ್ದು 2023ರಲ್ಲಿ

*2021ರ ಸೆಪ್ಟೆಂಬರ್‌ನಲ್ಲಿ ಮತ ಹಾಕಿದ್ದೆ. ಮೇಯರ್ ಆಯ್ಕೆ ಆಗುವಷ್ಟರಲ್ಲಿ ಮೊಮ್ಮಗ ಒಂದು ಕ್ಲಾಸ್ ಪಾಸಾಗಿದ್ದ. ನಡುವಿನ ಒಂದೂವರೆ ವರ್ಷ ಯಾರ ಲೆಕ್ಕಕ್ಕೆ? ಮೇಯರ್ ಚುನಾವಣೆಯಲ್ಲಿ ಶಾಸಕರು, ಸಂಸದರೂ ಮತ ಹಾಕುತ್ತಾರಂತೆ, ಇದು ನ್ಯಾಯವೇ?*
— ನಿವೃತ್ತ ಶಿಕ್ಷಕ, ಬ್ರಹ್ಮಪುರ, ಕಲಬುರಗಿ

ಗುರುಗಳೇ, ಮೊದಲು ಲೆಕ್ಕ. 2021ರ ಸೆಪ್ಟೆಂಬರ್ 3ರಂದು ಹುಬ್ಬಳ್ಳಿ-ಧಾರವಾಡ, ಬೆಳಗಾವಿ ಪಾಲಿಕೆಗಳ ಜೊತೆಗೇ ಕಲಬುರಗಿಯಲ್ಲೂ ಮತದಾನ ನಡೆಯಿತು. 55 ವಾರ್ಡುಗಳಲ್ಲಿ ಕಾಂಗ್ರೆಸ್‌ಗೆ 27, ಬಿಜೆಪಿಗೆ 23, ಜೆಡಿಎಸ್‌ಗೆ 4 ಬಂದವು, ಒಬ್ಬರು ಪಕ್ಷೇತರರು ಗೆದ್ದರು. ಬಹುಮತಕ್ಕೆ 28 ಬೇಕು. ಒಂದೇ ಒಂದು ಕಡಿಮೆ! ತಕ್ಕಡಿ ಹೀಗೆ ಸಮನಾಗಿ ತೂಗಿದಾಗ ಪ್ರತಿಯೊಂದು ಮತವೂ ಚಿನ್ನ. ತಕರಾರುಗಳು ಕೋರ್ಟ್ ಮೆಟ್ಟಿಲು ಹತ್ತಿದವು, ಚುನಾವಣೆ ಮುಂದಕ್ಕೆ ಹೋಯಿತು. ಕೊನೆಗೆ 2023ರ ಮಾರ್ಚ್‌ನಲ್ಲಿ ಬಿಜೆಪಿಯ ವಿಶಾಲ ದರ್ಗಿ ಮೇಯರ್ ಆದರು. ಮರುವರ್ಷ ಆ ಕುರ್ಚಿಗೆ ಕಾಂಗ್ರೆಸ್ಸಿನ ಯಲ್ಲಪ್ಪ ನಾಯಕೋಡಿ ಬಂದರು.

ಆ ಒಂದೂವರೆ ವರ್ಷ ಮೆಂಬರುಗಳ ಐದು ವರ್ಷದಲ್ಲಿ ಕಳೆದುಹೋಗುವುದಿಲ್ಲ. ಸಂವಿಧಾನದ 243ಯು ವಿಧಿಯ ಪ್ರಕಾರ ಅವಧಿ ಎಣಿಸುವುದು ಮೊದಲ ಸಭೆಗೆ ಗೊತ್ತುಪಡಿಸಿದ ದಿನದಿಂದ, ಫಲಿತಾಂಶದ ದಿನದಿಂದಲ್ಲ. ಅಂದರೆ ನಷ್ಟ ಮೆಂಬರುಗಳಿಗಲ್ಲ, ನಿಮಗೆ. ಗೆದ್ದವರು ಮನೆಯಲ್ಲಿದ್ದರು, ಊರನ್ನು ಅಧಿಕಾರಿಗಳು ನಡೆಸಿದರು. ಸಭೆ ಇಲ್ಲ, ಸ್ಥಾಯಿ ಸಮಿತಿ ಇಲ್ಲ, ಬಜೆಟ್ ಮೇಲೆ ಚರ್ಚೆ ಇಲ್ಲ.

ಶಾಸಕ, ಸಂಸದರ ಮತದ ಮಾತು. ಕರ್ನಾಟಕ ಮಹಾನಗರ ಪಾಲಿಕೆಗಳ ಕಾಯ್ದೆ, 1976ರ ಪ್ರಕಾರ ಆ ನಗರ ತಮ್ಮ ಕ್ಷೇತ್ರದಲ್ಲಿ ಬರುವ ಲೋಕಸಭಾ ಸದಸ್ಯರು, ಶಾಸಕರು, ಹಾಗೆಯೇ ನಗರದ ಮತದಾರರ ಪಟ್ಟಿಯಲ್ಲಿ ಹೆಸರಿರುವ ರಾಜ್ಯಸಭೆ ಮತ್ತು ವಿಧಾನ ಪರಿಷತ್ ಸದಸ್ಯರೂ ಪಾಲಿಕೆಯ ಸದಸ್ಯರೇ. ಸರ್ಕಾರ ನಾಮಕರಣ ಮಾಡಿದವರು ಮಾತಾಡಬಹುದು, ಮತ ಹಾಕುವಂತಿಲ್ಲ. ಇದು ಕಾನೂನು. ನ್ಯಾಯವೇ ಎಂದು ಕೇಳಿದ್ದೀರಿ, ನನ್ನ ಅಭಿಪ್ರಾಯ ಹೇಳುತ್ತೇನೆ: ಚರ್ಚೆಯಲ್ಲಿ ಅವರಿರಲಿ, ಮೇಯರ್ ಆಯ್ಕೆಯಲ್ಲಿ ಬೇಡ. 55 ವಾರ್ಡಿನ ಜನ ಕೊಟ್ಟ ತೀರ್ಪನ್ನು ವಾರ್ಡೇ ಇಲ್ಲದವರ ಕೈ ಬದಲಿಸುವುದು ಸರಿ ಕಾಣುವುದಿಲ್ಲ.

ಇನ್ನೊಂದು ವಿಷಯ. ನಮ್ಮ ಮೇಯರ್ ಅವಧಿ ಒಂದು ವರ್ಷ. ಕೆಂಪು ನಿಲುವಂಗಿಯ ಅಳತೆ ಕೊಟ್ಟು, ಸನ್ಮಾನದ ಹಾರ ಒಣಗುವಷ್ಟರಲ್ಲಿ ಆರು ತಿಂಗಳು ಮುಗಿದಿರುತ್ತದೆ. ಕಡತಕ್ಕೆ ಸಹಿ ಹಾಕುವವರು ಆಯುಕ್ತರು. ಆದ್ದರಿಂದ ಮೇಯರ್ ಯಾರು ಎನ್ನುವುದಕ್ಕಿಂತ, ತೆರಿಗೆ ಮತ್ತು ಹಣಕಾಸು, ಆರೋಗ್ಯ ಮತ್ತು ಶಿಕ್ಷಣ, ನಗರ ಯೋಜನೆ, ಲೆಕ್ಕಪತ್ರ ಎಂಬ ನಾಲ್ಕು ಸ್ಥಾಯಿ ಸಮಿತಿಗಳಲ್ಲಿ ಯಾರು ಕೂತಿದ್ದಾರೆ, ಸಭೆ ಎಷ್ಟು ಸಲ ನಡೆಸಿದ್ದಾರೆ ಎಂದು ವಿಚಾರಿಸಿ. ಕೆಲಸ ಅಲ್ಲಿ ಆಗುತ್ತದೆ, ಇಲ್ಲವೇ ಅಲ್ಲೇ ಕೊಳೆಯುತ್ತದೆ.

ಊರು ಪಟ್ಟಣ ಆತು, ನಮಗೇನು ಬಂತು?

*ನಮ್ಮೂರು ತಾಲ್ಲೂಕಾ ಆತ್ರಿ. ಗ್ರಾಮ ಪಂಚಾಯ್ತಿ ಬೋರ್ಡ್ ತೆಗೆದು ಪಟ್ಟಣ ಪಂಚಾಯ್ತಿ ಅಂತ ಬರೆದ್ರು. ಈಗ ಜಾಬ್ ಕಾರ್ಡ್ ನಡಿಯಂಗಿಲ್ಲ ಅಂತಾರ, ಮನಿ ಟ್ಯಾಕ್ಸ್ ಜಾಸ್ತಿ ಅಂತಾರ. ಮೊದಲ ಮೆಂಬರ್ ಅಂದ್ರ ನಮ್ಮ ಓಣಿ ಹುಡುಗ. ಇನ್ನ ಹೆಂಗ್ರಿ?*
— ಬಾಳೆ ಬೆಳೆಗಾರ, ಕಮಲಾಪುರ

ಯಜಮಾನ್ರೇ, ನಿಮ್ಮೂರಿನ ಕೆಂಪು ಬಾಳೆಗೆ ಭೌಗೋಳಿಕ ಸೂಚಕದ ಮಾನ್ಯತೆ ಇದೆ, ಹಣ್ಣಿನ ಹೆಸರಿನ ಜೊತೆಗೆ ಊರಿನ ಹೆಸರೂ ಕಾನೂನಿನ ಪುಸ್ತಕ ಸೇರಿದೆ. 2008ಕ್ಕೆ ಮುಂಚೆ ಕಮಲಾಪುರ ಹೆಸರಿನ ವಿಧಾನಸಭಾ ಕ್ಷೇತ್ರವೇ ಇತ್ತು, ಕ್ಷೇತ್ರ ಮರುವಿಂಗಡಣೆಯಲ್ಲಿ ಹೋಯಿತು. 2018ರಲ್ಲಿ ಹೊಸ ತಾಲ್ಲೂಕುಗಳು ಕೆಲಸ ಶುರುಮಾಡಿದಾಗ ಕಾಳಗಿ, ಶಹಾಬಾದ್, ಯಡ್ರಾಮಿ ಜೊತೆಗೆ ಕಮಲಾಪುರವೂ ತಾಲ್ಲೂಕಾಯಿತು. ಬೋರ್ಡ್ ಬದಲಾದ ಹಾಗೆಲ್ಲ ನಿಮಗೆ ಗೊಂದಲ ಆಗುವುದು ಸಹಜ.

ಮೊದಲು ಎರಡು ಕಚೇರಿ ಬೇರೆ ಮಾಡಿಕೊಳ್ಳಿ. ಪಹಣಿ, ಜಾತಿ-ಆದಾಯ ಪತ್ರ, ಪಿಂಚಣಿ ಎಲ್ಲವೂ ತಹಶೀಲ್ದಾರರ ಕಡೆ. ಬೀದಿ ದೀಪ, ಕಸ, ಗಟಾರ, ಮನೆ ಖಾತಾ, ಕಟ್ಟಡ ಪರವಾನಗಿ, ಸಂತೆ ಸುಂಕ ಪಟ್ಟಣ ಪಂಚಾಯಿತಿ ಕಡೆ. ಪಿಡಿಒ ಇದ್ದ ಜಾಗದಲ್ಲಿ ಈಗ ಮುಖ್ಯಾಧಿಕಾರಿ. ಪಂಚಾಯತ್ ರಾಜ್ ಕಾಯ್ದೆ ಹೋಗಿ 1964ರ ಪುರಸಭೆಗಳ ಕಾಯ್ದೆ ಬಂದಿದೆ. ಸಾಮಾನ್ಯವಾಗಿ 10 ಸಾವಿರದಿಂದ 20 ಸಾವಿರ ಜನಸಂಖ್ಯೆಯ ಊರು ಪಟ್ಟಣ ಪಂಚಾಯಿತಿ ಆಗುತ್ತದೆ, ಅದರ ಮೇಲೆ ಪುರಸಭೆ, ನಗರಸಭೆ, ಮೂರು ಲಕ್ಷ ದಾಟಿದರೆ ಮಹಾನಗರ ಪಾಲಿಕೆ.

ನೀವು ಕಳೆದುಕೊಳ್ಳುವುದು ಎರಡು. ಉದ್ಯೋಗ ಖಾತ್ರಿ ಗ್ರಾಮೀಣ ಭಾಗದ್ದು, ಪಟ್ಟಣಕ್ಕೆ ಅದು ಇಲ್ಲ. ಕೂಲಿ ಮಾಡಿ ಉಣ್ಣುವ ಮನೆಗಳಿಗೆ ಇದು ದೊಡ್ಡ ಪೆಟ್ಟು, ಮುಚ್ಚಿಡಬಾರದು. ಎರಡನೆಯದು ಗ್ರಾಮಸಭೆ. ಕಟ್ಟೆಯ ಮೇಲೆ ಕೂತು ಫಲಾನುಭವಿಗಳ ಪಟ್ಟಿ ಓದಿಸಿ, ‘ಇವನಿಗಿ ಮೊದ್ಲೇ ಮನಿ ಅದ’ ಎಂದು ಎದ್ದು ಹೇಳುವ ಹಕ್ಕಿತ್ತಲ್ಲ, ಅಷ್ಟು ಗಟ್ಟಿಯಾದ ವೇದಿಕೆ ಪಟ್ಟಣದ ಕಾನೂನಿನಲ್ಲಿ ಇಲ್ಲ. ಗಳಿಸುವುದು ನಗರ ಸಂಸ್ಥೆಗಳ ಅನುದಾನ, ಬಡಾವಣೆಗೆ ನಕ್ಷೆ, ಒಳಚರಂಡಿಯಂಥ ದೊಡ್ಡ ಯೋಜನೆಗೆ ಅರ್ಹತೆ.

ಇನ್ನು ನಿಮ್ಮ ಓಣಿ ಹುಡುಗ. ಗ್ರಾಮ ಪಂಚಾಯಿತಿ ಚುನಾವಣೆಯಲ್ಲಿ ಪಕ್ಷದ ಚಿಹ್ನೆ ಇರಲಿಲ್ಲ, ಅಲ್ಲಿ ಬರುತ್ತಿದ್ದದ್ದು ಆಟೋ, ತೆಂಗಿನಕಾಯಿ, ಹೊಲಿಗೆ ಯಂತ್ರ. ಪಟ್ಟಣ ಪಂಚಾಯಿತಿಗೆ ಪಕ್ಷದ ಚಿಹ್ನೆ ಮೇಲೆಯೇ ನಿಲ್ಲುತ್ತಾರೆ. ಓಣಿ ಹುಡುಗನಿಗೆ ಈಗ ಬಿ-ಫಾರ್ಮ್ ಬೇಕು, ಅದು ಕೈಗೆ ಬರುವುದು ಕಲಬುರಗಿಯಿಂದ. ನಿಮ್ಮ ಕಡೆ ನೋಡುತ್ತಿದ್ದ ಮುಖ ಹೆದ್ದಾರಿ ಕಡೆ ತಿರುಗದಂತೆ ಕಾಯುವುದು ಇನ್ನು ನಿಮ್ಮ ಕೆಲಸ.

ಸೀಟು ನನಗೆ, ಕುರ್ಚಿ ಅವರಿಗೆ?

*ನಮ್ಮ ವಾರ್ಡ್ ಮಹಿಳಾ ಮೀಸಲು ಆಗುವ ಸಂಭವವಿದೆ. ನಾನು ಬಿ.ಕಾಂ. ಓದಿದ್ದೇನೆ, ಸ್ವಸಹಾಯ ಸಂಘದ ಲೆಕ್ಕ ನೋಡುತ್ತೇನೆ. ಮನೆಯವರು ‘ನೀ ನಿಲ್ಲು, ನಡೆಸೋದು ನಾವು ನೋಡ್ಕೋತೀವಿ’ ಎನ್ನುತ್ತಿದ್ದಾರೆ. ಒಪ್ಪಲೇ?*
— ಓದುಗಳು, ರಾಜಾಪುರ, ಕಲಬುರಗಿ

ತಂಗೀ, ನಿಲ್ಲಲು ಒಪ್ಪು. ನಡೆಸಲು ಬಿಟ್ಟುಕೊಡಬೇಡ.

1993ರ ಜೂನ್ 1ರಂದು ಜಾರಿಗೆ ಬಂದ ಸಂವಿಧಾನದ 74ನೇ ತಿದ್ದುಪಡಿ ನಗರ ಸಂಸ್ಥೆಗಳಲ್ಲಿ ಮಹಿಳೆಯರಿಗೆ ಮೂರನೇ ಒಂದು ಭಾಗ ಕೊಟ್ಟಿತು. ಕರ್ನಾಟಕ ಅದನ್ನು ಅರ್ಧಕ್ಕೆ ಏರಿಸಿತು. 21 ವರ್ಷ ತುಂಬಿರಬೇಕು, ನಗರದ ಮತದಾರರ ಪಟ್ಟಿಯಲ್ಲಿ ಹೆಸರಿರಬೇಕು. ಪಾಲಿಕೆಯ ಗುತ್ತಿಗೆ ಕೆಲಸದಲ್ಲಿ ನಿನಗೆ ಪಾಲಿರಬಾರದು. ಇದನ್ನು ಮನೆಯವರಿಗೆ ಈಗಲೇ ಬಿಡಿಸಿ ಹೇಳು. ಅಣ್ಣನೋ ಮೈದುನನೋ ನಿನ್ನ ಹೆಸರು ಮುಂದಿಟ್ಟು ರಸ್ತೆ ಕಾಮಗಾರಿ ಹಿಡಿದರೆ ಕುತ್ತು ಬರುವುದು ನಿನ್ನ ಸದಸ್ಯತ್ವಕ್ಕೆ. ಗೆದ್ದ ಮೇಲೆ ಆಸ್ತಿ ವಿವರವನ್ನು ಗಡುವಿನೊಳಗೆ ಸಲ್ಲಿಸಬೇಕು, ತಪ್ಪಿದರೆ ಸ್ಥಾನವೇ ಹೋಗಬಹುದು. ಸಹಿ ನಿನ್ನದು ಎಂದ ಮೇಲೆ ಜೈಲಿನ ಬಾಗಿಲೂ ನಿನ್ನದೇ. ‘ನಾವು ನೋಡ್ಕೋತೀವಿ’ ಎಂದವರು ಅಲ್ಲಿಗೆ ಬರುವುದಿಲ್ಲ.

ಸಂಘದ ಲೆಕ್ಕ ನೋಡುವ ನಿನಗೆ ಪಾಲಿಕೆಯ ಬಜೆಟ್ ಕಷ್ಟವಲ್ಲ. ಅಲ್ಲೂ ಇರುವುದು ಜಮಾ, ಖರ್ಚು, ಶಿಲ್ಕು. ಮೊದಲ ದಿನದಿಂದ ಮೂರು ನಿಯಮ ಇಟ್ಟುಕೋ: ವಾರ್ಡಿನ ಜನ ಫೋನ್ ಮಾಡಿದರೆ ನೀನೇ ಎತ್ತಬೇಕು. ಸಭೆಗೆ ನೀನೊಬ್ಬಳೇ ಹೋಗಬೇಕು. ಓದದೆ ಯಾವ ಹಾಳೆಗೂ ಸಹಿ ಹಾಕಬಾರದು. ಫ್ಲೆಕ್ಸಿನಲ್ಲಿ ಯಜಮಾನರ ಫೋಟೊ ದೊಡ್ಡದಾಗಿ, ನಿನ್ನದು ಅಂಚೆ ಚೀಟಿಯಷ್ಟು ಬಂದರೆ ಆ ದಿನವೇ ಜಗಳ ಮಾಡು. ಆಮೇಲೆ ಮಾಡಿ ಉಪಯೋಗವಿಲ್ಲ.

ಮಗ ಕೆನಡಾದಲ್ಲಿ ಕೌನ್ಸಿಲರ್ ಆಗಬಹುದೇ?

*ನನ್ನ ಮಗ ಟೊರಾಂಟೊ ಪಕ್ಕದ ಮಿಸಿಸಾಗಾದಲ್ಲಿದ್ದಾನೆ. ಅಲ್ಲಿನ ಕೌನ್ಸಿಲರ್‌ಗೆ ಮೇಲ್ ಹಾಕಿದರೆ ಉತ್ತರ ಬರುತ್ತದಂತೆ, ಪಕ್ಷದ ಗದ್ದಲ ಇಲ್ಲವಂತೆ. ‘ನಾನೂ ಒಂದಿನ ನಿಲ್ತೀನಪ್ಪ’ ಎನ್ನುತ್ತಾನೆ. ಆಗುತ್ತದೆಯೇ? ನಮ್ಮಲ್ಲಿ ಯಾಕೆ ಹಾಗಿಲ್ಲ?*
— ನಿವೃತ್ತ ಬ್ಯಾಂಕ್ ನೌಕರ, ಸೇಡಂ ರಸ್ತೆ, ಕಲಬುರಗಿ

ಆಗುತ್ತದೆ, ಆದರೆ ಮೊದಲು ಕೆನಡಾದ ಪೌರನಾಗಬೇಕು. ಅಲ್ಲಿ ಕಾಯಂ ವಾಸದ ಪರವಾನಗಿ ಇದ್ದವರು ತೆರಿಗೆ ಕಟ್ಟಬಹುದು, ಮತ ಹಾಕುವಂತಿಲ್ಲ, ಚುನಾವಣೆಗೂ ನಿಲ್ಲುವಂತಿಲ್ಲ. ಭಾರತ ಎರಡು ಪೌರತ್ವ ಒಪ್ಪುವುದಿಲ್ಲ, ಹಾಗಾಗಿ ನಮ್ಮ ಪಾಸ್‌ಪೋರ್ಟ್ ಒಪ್ಪಿಸಬೇಕಾಗುತ್ತದೆ. ಅದು ಮನೆಯಲ್ಲಿ ಕೂತು ಮಾತಾಡಬೇಕಾದ ವಿಷಯ. ದಾರಿ ಹೊಸದೇನಲ್ಲ. ಸಿರಾ ತಾಲ್ಲೂಕಿನಿಂದ ಹೋದ ಚಂದ್ರ ಆರ್ಯ 2015ರಲ್ಲಿ ಒಟ್ಟಾವ ನಗರದ ನೆಪಿಯನ್ ಕ್ಷೇತ್ರದಿಂದ ಸಂಸದರಾದರು, 2022ರಲ್ಲಿ ಅಲ್ಲಿನ ಸಂಸತ್ತಿನಲ್ಲಿ ಕನ್ನಡದಲ್ಲಿ ಮಾತಾಡಿದರು.

ಮಿಸಿಸಾಗಾದ ಲೆಕ್ಕ ಕೇಳಿ. ಜನಸಂಖ್ಯೆ ಏಳು ಲಕ್ಷದ ಮೇಲೆ, ವಾರ್ಡ್ 11. ಹನ್ನೊಂದು ಕೌನ್ಸಿಲರ್, ಒಬ್ಬ ಮೇಯರ್, ಅಷ್ಟೇ. 2011ರ ಜನಗಣತಿಯಲ್ಲಿ ಐದು ಲಕ್ಷ ದಾಟಿದ್ದ ಕಲಬುರಗಿಗೆ 55 ಮೆಂಬರ್. ಅಲ್ಲಿ ಒಬ್ಬರ ತಲೆಯ ಮೇಲೆ ಅರವತ್ತು ಸಾವಿರಕ್ಕೂ ಹೆಚ್ಚು ಜನ. ಹಾಗಾಗಿ ಅದು ಪೂರ್ಣಾವಧಿ ಕೆಲಸ, ಸಂಬಳ ಇದೆ, ಕಚೇರಿ ಸಿಬ್ಬಂದಿ ಇದ್ದಾರೆ. ಮೇಲ್‌ಗೆ ಉತ್ತರ ಬರುವುದು ಅದಕ್ಕೇ. ನಮ್ಮ ಮೆಂಬರ್‌ಗೆ ಸಿಗುವುದು ಗೌರವಧನ, ಕಚೇರಿ ಅವರ ಮನೆಯ ಪಡಸಾಲೆ, ಸಿಬ್ಬಂದಿ ಅವರ ತಮ್ಮ. ಆದರೆ ಬೆಳಿಗ್ಗೆ ಏಳಕ್ಕೆ ಹೋಗಿ ಬಾಗಿಲು ಬಡಿಯಬಹುದು. ಅದು ನಮ್ಮಲ್ಲಿ ಮಾತ್ರ ಸಾಧ್ಯ.

ಆಂಟಾರಿಯೊ ಪ್ರಾಂತ್ಯದಲ್ಲಿ ನಾಲ್ಕು ವರ್ಷಕ್ಕೊಮ್ಮೆ, ಅಕ್ಟೋಬರ್ ತಿಂಗಳ ನಾಲ್ಕನೇ ಸೋಮವಾರ ಚುನಾವಣೆ. ದಿನಾಂಕ ಮೊದಲೇ ಗೊತ್ತು, ಯಾರೂ ಮುಂದೂಡುವುದಿಲ್ಲ. ಪಕ್ಷದ ಚಿಹ್ನೆ ಇಲ್ಲ, ಥೇಟ್ ನಮ್ಮ ಗ್ರಾಮ ಪಂಚಾಯಿತಿ ಹಾಗೆ. ಮೇಯರನ್ನು ಜನ ನೇರವಾಗಿ ಆರಿಸುತ್ತಾರೆ. ಮೇಲಿನ ಶಹಾಬಜಾರಿನ ಅಕ್ಕ ಕೇಳಿದ ನೀರಿನ ಪ್ರಶ್ನೆ ಅಲ್ಲೂ ಇದೆ: ಮಿಸಿಸಾಗಾದ ನೀರನ್ನು ನೋಡಿಕೊಳ್ಳುತ್ತ ಬಂದಿರುವುದು ನಗರವಲ್ಲ, ಪೀಲ್ ಎಂಬ ಪ್ರಾದೇಶಿಕ ಸಂಸ್ಥೆ. ಆದರೆ ಮಿಸಿಸಾಗಾದ ಎಲ್ಲ ಕೌನ್ಸಿಲರುಗಳೂ ಆ ಸಂಸ್ಥೆಯ ಸಭೆಯಲ್ಲೂ ಕೂರುತ್ತಾರೆ. ‘ನನ್ನ ಕೈಯಾಗ ಇಲ್ಲ’ ಎನ್ನಲು ಅವರಿಗೆ ಅವಕಾಶವಿಲ್ಲ. ನಮ್ಮಲ್ಲಿ ತರಬೇಕಾದದ್ದು ಇದನ್ನು.

ಹಾಗಂತ ಅಲ್ಲೆಲ್ಲ ಸರಿ ಇದೆ ಅಂದುಕೊಳ್ಳಬೇಡಿ. 2018ರಲ್ಲಿ ಚುನಾವಣೆ ಪ್ರಚಾರ ನಡೆದಿರುವಾಗಲೇ ಪ್ರಾಂತ್ಯದ ಸರ್ಕಾರ ಟೊರಾಂಟೊದ ವಾರ್ಡುಗಳನ್ನು 47ರಿಂದ 25ಕ್ಕೆ ಇಳಿಸಿತು. ವ್ಯಾಜ್ಯ ಅಲ್ಲಿನ ಸುಪ್ರೀಂ ಕೋರ್ಟಿಗೆ ಹೋಯಿತು, 2021ರಲ್ಲಿ ಸರ್ಕಾರವೇ ಗೆದ್ದಿತು. ಅಲ್ಲಿಯೂ ನಗರಸಭೆ ಎಂದರೆ ಪ್ರಾಂತ್ಯದ ಕೂಸು. ನಮ್ಮಲ್ಲಿ ಬೆಂಗಳೂರು ಪಾಲಿಕೆಯ ಅವಧಿ 2020ರ ಸೆಪ್ಟೆಂಬರ್‌ನಲ್ಲಿ ಮುಗಿದ ಮೇಲೆ ವರ್ಷಗಟ್ಟಲೆ ಒಬ್ಬ ಕಾರ್ಪೊರೇಟರೂ ಇಲ್ಲದೆ ಊರು ನಡೆಯಿತು. ಮೇಲಿನವರಿಗೆ ಕೆಳಗಿನ ಸಭೆ ಬೇಡವಾಗುವುದು ಎಲ್ಲ ದೇಶದ ಕಾಯಿಲೆ.

ವಾರ್ಡಿಗೆ ಬಂದ ರೊಕ್ಕ ಎಷ್ಟು?

*ನಮ್ಮ ಓಣಿಯಲ್ಲಿ ಒಂದೇ ಸಿಸಿ ರಸ್ತೆಗೆ ಎರಡು ಸಲ ಪೂಜೆ ಆಗಿದೆ. ಒಮ್ಮೆ ಶಾಸಕರು, ಒಮ್ಮೆ ಕಾರ್ಪೊರೇಟರು ಕಾಯಿ ಒಡೆದರು. ರೊಕ್ಕ ಯಾರದು?*
— ಕಿರಾಣಿ ವ್ಯಾಪಾರಿ, ಗಂಜ್ ಪ್ರದೇಶ, ಕಲಬುರಗಿ

ಪಾಲಿಕೆಯ ಸ್ವಂತ ಹಣ, ರಾಜ್ಯದ ಅನುದಾನ, ಕಲ್ಯಾಣ ಕರ್ನಾಟಕ ಪ್ರದೇಶಾಭಿವೃದ್ಧಿ ಮಂಡಳಿಯ ಹಣ, ಶಾಸಕರ ನಿಧಿ, ನಗರಾಭಿವೃದ್ಧಿ ಪ್ರಾಧಿಕಾರದ್ದು ಹೀಗೆ ಐದು ಬೊಕ್ಕಸದಲ್ಲಿ ಯಾವುದರದ್ದೂ ಇರಬಹುದು. ಎಲ್ಲವೂ ನಿಮ್ಮ ತೆರಿಗೆಯೇ. ಕಾಯಿ ಎಣಿಸಬೇಡಿ, ಕಾಗದ ಕೇಳಿ. ಮಾಹಿತಿ ಹಕ್ಕು ಕಾಯ್ದೆ, 2005ರ ಅಡಿ 10 ರೂಪಾಯಿ ಶುಲ್ಕ ಕಟ್ಟಿ, ಆ ರಸ್ತೆಯ ಕಾರ್ಯಾದೇಶ, ಅಂದಾಜು ಪಟ್ಟಿ, ಅಳತೆ ಪುಸ್ತಕದ ನಕಲು ಕೇಳಿ. 30 ದಿನದಲ್ಲಿ ಉತ್ತರ ಬರಬೇಕು. ಒಂದೇ ರಸ್ತೆಗೆ ಎರಡು ಕಾರ್ಯಾದೇಶ ಸಿಕ್ಕರೆ ಲೆಕ್ಕಪತ್ರ ಸ್ಥಾಯಿ ಸಮಿತಿಗೆ ಒಯ್ಯಿರಿ.

ಇನ್ನೊಂದು ಪ್ರಶ್ನೆ ನಿಮ್ಮ ಕಾರ್ಪೊರೇಟರ್‌ಗೆ: ‘ನಮ್ಮ ವಾರ್ಡ್ ಸಮಿತಿ ಎಲ್ಲಿ?’ ಮೂರು ಲಕ್ಷಕ್ಕಿಂತ ಹೆಚ್ಚು ಜನರಿರುವ ನಗರದಲ್ಲಿ ವಾರ್ಡ್ ಸಮಿತಿ ಇರಲೇಬೇಕೆಂದು ಸಂವಿಧಾನದ 243ಎಸ್ ವಿಧಿ ಹೇಳುತ್ತದೆ. ರಾಜ್ಯದ ಕಾಯ್ದೆಯಲ್ಲಿ ಕಾರ್ಪೊರೇಟರ್ ಅಧ್ಯಕ್ಷತೆ, ಹತ್ತು ಸದಸ್ಯರು, ಅವರಲ್ಲಿ ಮೂವರಾದರೂ ಮಹಿಳೆಯರು, ಇಬ್ಬರು ಪರಿಶಿಷ್ಟರು, ಇಬ್ಬರು ನಿವಾಸಿಗಳ ಸಂಘದವರು. ಕಮಲಾಪುರದವರು ಕಳೆದುಕೊಂಡ ಗ್ರಾಮಸಭೆಗೆ ನಗರದಲ್ಲಿ ಹತ್ತಿರದ ನೆಂಟ ಇದೊಂದೇ.

ಮೆಂಬರ್‌ಗಿರಿಯಿಂದ ಮುಖ್ಯಮಂತ್ರಿಯಾಗಬಹುದೇ?

*ನಾನು ಕಾನೂನು ವಿದ್ಯಾರ್ಥಿ, ಪಕ್ಷವೊಂದರಲ್ಲಿ ದುಡಿಯುತ್ತಿದ್ದೇನೆ. ಕಾರ್ಪೊರೇಟರ್ ಆಗಿ, ಅಲ್ಲಿಂದ ಶಾಸಕ, ಮಂತ್ರಿ ಆಗುವ ಆಸೆ. ಇದನ್ನೇ ವೃತ್ತಿ ಮಾಡಿಕೊಳ್ಳಬಹುದೇ?*
— ವಿದ್ಯಾರ್ಥಿ, ಆಳಂದ ರಸ್ತೆ, ಕಲಬುರಗಿ

ತಮ್ಮಾ, ನಿನ್ನ ಊರಿನಲ್ಲೇ ಉದಾಹರಣೆ ಇದೆ. ಜೇವರ್ಗಿ ತಾಲ್ಲೂಕಿನ ನೆಲೋಗಿಯ ಎನ್. ಧರ್ಮಸಿಂಗ್ ಉಸ್ಮಾನಿಯಾದಲ್ಲಿ ಕಾನೂನು ಓದಿ ಬಂದು, 1960ರ ದಶಕದಲ್ಲಿ ಗುಲಬರ್ಗಾ ನಗರಸಭೆಯ ಸದಸ್ಯರಾಗಿ ರಾಜಕೀಯ ಶುರುಮಾಡಿದವರು. 1972ರಲ್ಲಿ ಜೇವರ್ಗಿಯಿಂದ ವಿಧಾನಸಭೆಗೆ ಹೋದರು. 1980ರಲ್ಲಿ ಲೋಕಸಭೆಗೆ ಗೆದ್ದು, ಪಕ್ಷ ಕೇಳಿತೆಂದು ಆ ಸ್ಥಾನವನ್ನು ಸಿ.ಎಂ. ಸ್ಟೀಫನ್ ಅವರಿಗೆ ಬಿಟ್ಟುಕೊಟ್ಟರು. 2004ರ ಮೇ 28ರಂದು ಮುಖ್ಯಮಂತ್ರಿಯಾದರು. ಅತ್ತ ಬಿ.ಎಸ್. ಯಡಿಯೂರಪ್ಪ ಅವರ ಮೊದಲ ಗೆಲುವೂ 1975ರ ಶಿಕಾರಿಪುರ ಪುರಸಭೆಯದೇ. ಸರ್ದಾರ್ ಪಟೇಲರು ಅಹಮದಾಬಾದ್ ನಗರಸಭೆಯ, ನೆಹರೂ ಅಲಹಾಬಾದ್ ನಗರಸಭೆಯ ಅಧ್ಯಕ್ಷರಾಗಿದ್ದವರು. ಮೆಟ್ಟಿಲು ಗಟ್ಟಿಯಾದದ್ದೇ.

ಆದರೆ ಅವರು ಹತ್ತಿದ ಮೆಟ್ಟಿಲಿಗೂ ನೀನು ಹತ್ತುವುದಕ್ಕೂ ವ್ಯತ್ಯಾಸವಿದೆ. ಈಗ ವಾರ್ಡಿನ ಮೀಸಲಾತಿ ಸರದಿಯ ಮೇಲೆ ತಿರುಗುತ್ತದೆ. ಐದು ವರ್ಷ ಗಟಾರ ತೆಗೆಸಿ, ದೀಪ ಹಾಕಿಸಿ, ಸತ್ತವರ ಮನೆಗೆ ಹೋಗಿ ಬಂದ ವಾರ್ಡು ಮುಂದಿನ ಸಲ ಬೇರೆ ವರ್ಗಕ್ಕೆ ಮೀಸಲಾದರೆ ನೀನು ಅಲ್ಲಿ ನಿಲ್ಲುವಂತಿಲ್ಲ. ನಾನು ಇದನ್ನು ತಪ್ಪೆನ್ನುವುದಿಲ್ಲ. ಈ ಸರದಿ ಇಲ್ಲದಿದ್ದರೆ ಎಷ್ಟೋ ಹೆಣ್ಣುಮಕ್ಕಳು, ಎಷ್ಟೋ ಹಿಂದುಳಿದ ಓಣಿಯವರು ಟೌನ್‌ಹಾಲ್ ಮೆಟ್ಟಿಲು ಹತ್ತುತ್ತಲೇ ಇರಲಿಲ್ಲ. ಕೆನಡಾದಲ್ಲಿ ಇಂಥ ಸರದಿ ಇಲ್ಲ. ಅದೇ ಮಿಸಿಸಾಗಾದಲ್ಲಿ ಹೇಜಲ್ ಮೆಕ್ಯಾಲಿಯನ್ ಎಂಬಾಕೆ 1978ರಿಂದ 2014ರವರೆಗೆ ಸತತ 36 ವರ್ಷ ಮೇಯರ್ ಆಗಿದ್ದರು, ಇಳಿದಾಗ ವಯಸ್ಸು 93. ಸ್ಟ್ರೀಟ್ಸ್‌ವಿಲ್ ಎಂಬ ಸಣ್ಣ ಊರಿನ ಪಂಚಾಯಿತಿ ಕೆಲಸದಿಂದ ಬಂದ ಹೆಣ್ಣುಮಗಳು. ಮೇಯರ್ ಆದ ಮರುವರ್ಷ, 1979ರಲ್ಲಿ, ಕ್ಲೋರಿನ್ ಹೊತ್ತ ಗೂಡ್ಸ್ ರೈಲು ಊರಲ್ಲಿ ಹಳಿ ತಪ್ಪಿದಾಗ ಎರಡು ಲಕ್ಷಕ್ಕೂ ಹೆಚ್ಚು ಜನರನ್ನು ಸುರಕ್ಷಿತವಾಗಿ ತೆರವು ಮಾಡಿಸಿದರು. ಜನ ಅದನ್ನು ಮರೆಯಲಿಲ್ಲ. ಅಲ್ಲಿ ಒಬ್ಬರಿಗೇ ಅಷ್ಟು ಉದ್ದದ ಅವಕಾಶ, ಇಲ್ಲಿ ಹಲವರಿಗೆ ಚೂರು ಚೂರು ಅವಕಾಶ. ಎರಡರಲ್ಲೂ ಲಾಭ ನಷ್ಟ ಉಂಟು.

ಹಾಗಾಗಿ ಹೊಟ್ಟೆಪಾಡಿಗೆ ಮೆಂಬರ್‌ಗಿರಿ ನಂಬಬೇಡ. ಸನ್ನದು ಪಡೆದು ಕೋರ್ಟಿಗೆ ಹೋಗು, ದುಡಿ. ಗೌರವಧನದಲ್ಲಿ ಮನೆ ನಡೆಯುವುದಿಲ್ಲ, ನಡೆಯುತ್ತಿದೆ ಎಂದರೆ ಬೇರೆ ಕಡೆಯಿಂದ ಬರುತ್ತಿದೆ ಎಂದರ್ಥ. ಪಕ್ಷದ ಚಿಹ್ನೆಯ ಮೇಲೆ ಗೆದ್ದು ವಿಪ್ ಮುರಿದರೆ 1987ರ ಸ್ಥಳೀಯ ಸಂಸ್ಥೆಗಳ ಪಕ್ಷಾಂತರ ನಿಷೇಧ ಕಾಯ್ದೆ ಸ್ಥಾನ ಕಸಿಯುತ್ತದೆ. ಮೇಯರ್ ಚುನಾವಣೆ ಹೊತ್ತಿಗೆ ರೆಸಾರ್ಟಿನ ಬಸ್ ಬಂದು ಮನೆ ಮುಂದೆ ನಿಂತಾಗ ಇದು ನೆನಪಿರಲಿ. ನಿಲ್ಲುವ ಮುನ್ನ ಒಂದು ವರ್ಷ, ಸಾಮಾನ್ಯ ಸಭೆ ನಡೆದಾಗಲೆಲ್ಲ ಅಲ್ಲಿ ಯಾರು ಏನು ಕೇಳಿದರು ಎಂದು ನಡಾವಳಿ ತರಿಸಿ ಓದು. ಐವತ್ತೈದರಲ್ಲಿ ಎಷ್ಟು ಜನ ಬಾಯಿ ಬಿಟ್ಟರು ಎಂದು ಲೆಕ್ಕ ಹಾಕು. ಬಾಯಿ ಬಿಡುವವರ ಸಾಲಿನಲ್ಲಿ ಕೂರುವ ಧೈರ್ಯ ಇದ್ದರೆ ಮಾತ್ರ ನಾಮಪತ್ರ ಹಾಕು.

ಉಳಿದ ಓದುಗರಿಗೂ ಇಷ್ಟೇ ಹೇಳುವುದು. ಮದುವೆಗೆ ಕರೆಯಲು, ಕಾಯಿ ಒಡೆಸಲು, ಪೊಲೀಸ್ ಠಾಣೆಯಿಂದ ಬಿಡಿಸಲು ಮೆಂಬರ್ ಮನೆಗೆ ಹೋಗುತ್ತೀರಿ. ಈ ತಿಂಗಳು ಒಂದು ಸಲ, ಸಭೆಯಲ್ಲಿ ಕೇಳಬೇಕಾದ ಒಂದು ಪ್ರಶ್ನೆ ಬರೆದುಕೊಂಡು ಹೋಗಿ. ಮುಂದಿನ ತಿಂಗಳು ಹೋಗಿ ‘ಕೇಳಿದ್ರೇನ್ರಿ?’ ಎಂದು ವಿಚಾರಿಸಿ.